ಓಯಾನ ಕಟ್ಟಿದ ಒಡ್ಡು

ಅದುಮ್ ತೊರೆಯನ್ನು ಹುಟ್ಟಿನಿಂದ ಕೊನೆಯವರೆಗೆ ನಡೆದು ನೋಡಲು ಬುತ್ತಿ ಕಟ್ಟಿಕೊಳ್ಳಬೇಕಾಗಿಲ್ಲ. ಒಲೆಯ ಮೇಲೆ ಬಾಳೆಕಾಯಿ ಇಟ್ಟು ಹೊರಟವಳು ಅದು ಸೀದುಹೋಗುವ ಮೊದಲೇ ಮನೆ ಸೇರಬಹುದು. ದಿಬ್ಬದ ಬುಡದಲ್ಲಿ ಒಂದು ಮುದಿ ಅದುಮ್ ಮರವಿದೆ. ಅದರ ಬೇರುಗಳ ಸಂದಿನಿಂದ ಒಸರುವ ನೀರೇ ತೊರೆಯ ಹುಟ್ಟು. ಅಲ್ಲೇ ಕೆಳಗೆ, ಮರದ ನೆರಳಿನಲ್ಲಿ, ಸೊಂಟದಾಳದ ಒಂದು ಮಡು. ಮಡುವಿನಿಂದ ಹೊರಟ ನೀರು ರಾಫಿಯಾ ತಾಳೆಗಳ ಕೆಸರಿನಲ್ಲಿ ಕಾಣೆಯಾಗಿ, ಜಂಬಿಟ್ಟಿಗೆ ಕಲ್ಲಿನ ಮೇಲೆ ಮತ್ತೆ ಕಾಣಿಸಿಕೊಂಡು, ಕಾಡಿನ ಎಲೆಗಳನ್ನೆಲ್ಲ ನೆನೆಸಿ ಕಡಕ್ ಚಹಾದ ಬಣ್ಣಕ್ಕೆ ತಿರುಗಿ, ಕೊನೆಗೆ ಎನ್ತೆಮ್ ನದಿಗೆ ಬೀಳುತ್ತದೆ. ಇಂಥದ್ದೊಂದು ತೊರೆ ಬಂದು ಸೇರಿತು ಎಂಬುದು ನದಿಗೆ ಗೊತ್ತಾಗುತ್ತದೋ ಇಲ್ಲವೋ ನನಗಂತೂ ಅನುಮಾನ.

ಓಯಾನ ಮದುವೆಯಾಗಿ ಈ ಊರಿಗೆ ಬಂದ ಹೊಸದರಲ್ಲಿ ತೊರೆಯನ್ನು ಕಂಡು ನಕ್ಕುಬಿಟ್ಟಿದ್ದಳು. ಅವಳು ಎನ್ತೆಮ್ ದಡದ ಹುಡುಗಿ. ದೋಣಿ, ಬಲೆ, ಗಾಳ ಎಲ್ಲ ಕಂಡವಳು.

“ನಮ್ಮೂರಲ್ಲಿ ಇಷ್ಟು ನೀರಲ್ಲಿ ಮಕ್ಕಳ ಮೂಗು ತೊಳೀತೀವಿ,” ಎಂದಳು.

ಅತ್ತೆ ಒಬೋನೊ ಬುಟ್ಟಿಯನ್ನು ಅವಳ ಕಂಕುಳಿಗೆ ತುರುಕಿ, “ಹಂಗಾದ್ರೆ ಮೊದ್ಲು ನಿನ್ನ ಮೂಗು ತೊಳ್ಕೊ, ಆಮೇಲೆ ಬಂದು ಒಡ್ಡಿಗೆ ಮಣ್ಣು ಹೊರು,” ಎಂದಳು. ಅತ್ತೆಸೊಸೆಯರ ಸಂಸಾರ ಶುರುವಾದದ್ದೇ ಹಾಗೆ.

ಒಡ್ಡು ಕಟ್ಟುವುದು ಹೆಂಗಸರ ಕೆಲಸ. ಬೇಸಿಗೆಯಲ್ಲಿ ತೊರೆ ಸೊರಗಿ ಗುಂಡಿ ಗುಂಡಿಯಾದಾಗ ಊರ ಸೊಸೆಯರೆಲ್ಲ ಬುಟ್ಟಿ, ಮಚ್ಚು ಹಿಡಿದು ಇಳಿಯುತ್ತಾರೆ. ಗೂಟ ಹೊಡೆದು, ಅಗಲ ಎಲೆಗಳನ್ನು ಒತ್ತರಿಸಿ, ಜೇಡಿ ಮೆತ್ತಿ, ನೀರಿಗೆ ಅಡ್ಡಲಾಗಿ ಮೇಲೊಂದು ಕೆಳಗೊಂದು ಗೋಡೆ ಎಬ್ಬಿಸುತ್ತಾರೆ. ನಡುವಿನ ನೀರನ್ನು ಬುಟ್ಟಿಯಲ್ಲಿ ಮೊಗೆದು ಮೊಗೆದು ಆಚೆ ಚೆಲ್ಲಿದರೆ ಕೆಳಗೆ ಮೀನು, ಏಡಿ, ಸಿಗಡಿ ಒದ್ದಾಡತೊಡಗುತ್ತವೆ. ದಡದ ಬಿಲಗಳಲ್ಲಿ ಅಡಗಿದ ಮೀಸೆ ಮೀನುಗಳನ್ನು ಕೈ ಹಾಕಿಯೇ ಹಿಡಿಯಬೇಕು. ಗಂಡಸರು ಆ ದಿನ ತೊರೆಯ ಹತ್ತಿರ ಸುಳಿಯುವಂತಿಲ್ಲ. ಊರ ನಡುವಿನ ಅಬಾದಲ್ಲಿ, ಅಂದರೆ ಗಂಡಸರ ಚಾವಡಿಯಲ್ಲಿ, ಹಲ್ಲುಕಡ್ಡಿ ಅಗಿಯುತ್ತ ಕಾಯಬೇಕು.

ಮೊದಲ ವರ್ಷ ಓಯಾನಳ ಬುಟ್ಟಿಗೆ ಬಿದ್ದದ್ದು ನಾಲ್ಕು ಸಿಗಡಿ. ಎಲ್ಲರೂ ನಕ್ಕರು. ಎರಡನೇ ವರ್ಷ ಅವಳು ಮಾಡಿದ ಕೆಲಸಕ್ಕೆ ಯಾರೂ ನಗಲಿಲ್ಲ. ಒಡ್ಡಿನ ದಿನಕ್ಕೆ ಮುಂಚೆಯೇ ತನ್ನ ವಾರಿಗೆಯವಳೊಬ್ಬಳನ್ನು ಕರೆದುಕೊಂಡು ಹೋಗಿ ಅದುಮ್ ಮರದ ಕೆಳಗಿನ ಮಡುವನ್ನೇ ಬರಿದು ಮಾಡಿದಳು. ಅಷ್ಟು ಮೀನು ಈ ಊರು ಹಿಂದೆ ಕಂಡಿರಲಿಲ್ಲ. ಗಂಡ ಮಿಚಾ ಎದೆಯುಬ್ಬಿಸಿ ಊರೆಲ್ಲ ಹಂಚಿದ. ಒಬೋನೊ ಮಾತ್ರ ತನ್ನ ಪಾಲಿನ ಮೀನನ್ನು ಮುಟ್ಟಲಿಲ್ಲ.

ಮುಂದಿನ ಬೇಸಿಗೆ ತೊರೆಯಲ್ಲಿ ಎಲೆ ಬಿಟ್ಟರೆ ಏನೂ ಇರಲಿಲ್ಲ. ಅದರ ಮುಂದಿನ ಬೇಸಿಗೆಯೂ ಅಷ್ಟೆ. ಓಯಾನಳಿಗೆ ‘ಮಡು ಕುಡಿದವಳು’ ಎಂಬ ಹೆಸರು ಅಂಟಿಕೊಂಡಿತು. ನೀರಿಗೆ ಹೋದರೆ ಹುಡುಗಿಯರು ಕೊಡ ಬಚ್ಚಿಟ್ಟುಕೊಂಡು, “ಅಯ್ಯೋ, ಬಂದ್ಳು, ಕುಡಿದುಬಿಡ್ತಾಳೆ!” ಎನ್ನುತ್ತಿದ್ದರು.

ಆ ವರ್ಷ ಮೊದಲ ದೊಡ್ಡ ಮಳೆ ಹೊಯ್ದು ನಿಂತ ಸಂಜೆ ಒಬೋನೊ ಸೊಸೆಯ ಕೈ ಹಿಡಿದು ರಾಫಿಯಾ ಕೆಸರಿಗೆ ಕರೆದೊಯ್ದಳು. ತೊರೆ ಉಕ್ಕಿ ಕಾಡಿನ ನೆಲದ ಮೇಲೆ ಹರಡಿತ್ತು. ಪಾದ ಮುಳುಗುವಷ್ಟೇ ನೀರು. ಕೊಳೆತ ಎಲೆಗಳ ನಡುವೆ ಎರಡು ಮೀಸೆ ಮೀನುಗಳು ಹೊಟ್ಟೆ ನೆಲಕ್ಕೆ ಉಜ್ಜಿಕೊಂಡು ತೆವಳುತ್ತಿದ್ದವು.

“ಮೊಟ್ಟೆ ಇಡೋಕೆ ಬಂದಿವೆ,” ಎಂದಳು ಒಬೋನೊ. “ಬೇಸಿಗೆ ಪೂರ್ತಿ ಮಡುವಿನಲ್ಲಿದ್ದು ಮೊದಲ ಮಳೆಗೆ ಹೊರಗೆ ಬರ್ತವೆ. ಮರದ ಹಣ್ಣು ನೀರಿಗೆ ಬಿದ್ರೆ ತಿಂತವೆ, ಎಲೆ ಕೊಳೆತಲ್ಲಿ ಮರಿ ಮಾಡ್ತವೆ. ಆ ಮರಿಗಳನ್ನೇ ನಾವು ಬೇಸಿಗೇಲಿ ಹಿಡಿಯೋದು. ಮಡುವಿನಲ್ಲಿದ್ದವನ್ನ ನೀನು ತಿಂದೆ. ಇವೆರಡು ನದಿಯಿಂದ ದಾರಿ ಹುಡುಕ್ಕೊಂಡು ಹತ್ತಿ ಬಂದಿವೆ. ನಿನ್ನ ಹಂಗೇನೇ, ಎನ್ತೆಮ್ ಕಡೆಯವು.”

ಓಯಾನ ಅಲ್ಲೇ ನೀರಿನಲ್ಲಿ ಕುಕ್ಕುರುಗಾಲಲ್ಲಿ ಕೂತು ಅತ್ತಳು. ಒಬೋನೊ ಅವಳನ್ನು ಸಮಾಧಾನ ಮಾಡಲಿಲ್ಲ. “ಅತ್ರೆ ನೀರು ಹೆಚ್ಚುತ್ತೆ, ಅಳು ಪರವಾಗಿಲ್ಲ,” ಎಂದಳು. ಅಂದಿನಿಂದ ಓಯಾನ ತೊರೆಯ ಹುಡುಗಿಯಾದಳು. ಒಬೋನೊ ತೀರಿಕೊಂಡಾಗ ಒಡ್ಡಿನ ಯಜಮಾನಿಕೆ ಅವಳ ಕೈಗೆ ಬಂತು, ಯಾರೂ ಎದುರಾಡಲಿಲ್ಲ. ಮಡುವಿನ ಕಡೆ ಯಾರಾದರೂ ಬುಟ್ಟಿ ಹಿಡಿದು ಹೆಜ್ಜೆ ಇಟ್ಟರೆ, “ಅಲ್ಲಿ ಕುಡಿಯೋ ಸರದಿ ಮುಗಿದಿದೆ ಕಣ್ರೇ, ನಾನೇ ಮುಗಿಸಿದ್ದೀನಿ,” ಎಂದು ತನ್ನ ಹಳೆಯ ಹೆಸರನ್ನು ತಾನೇ ಎತ್ತಿ ನಗಿಸುತ್ತಿದ್ದಳು.

ಒಡ್ಡಿನ ಯಜಮಾನಿಗೆ ಇನ್ನೊಂದು ಕೆಲಸವಿದೆ. ಕೊನೆಯ ಮುದ್ದೆ ಜೇಡಿ ಮೆತ್ತುವ ಮೊದಲು ಪ್ರತಿಯೊಬ್ಬಳೂ ಹೊಟ್ಟೆಯಲ್ಲಿಟ್ಟುಕೊಂಡ ಮಾತನ್ನು ಎಲ್ಲರೆದುರು ಹೇಳಬೇಕು. ಸಿಟ್ಟು, ಸಂಕಟ, ಹೊಟ್ಟೆಕಿಚ್ಚು ಏನಿದ್ದರೂ ಸರಿ. ಯಾರ ಮೇಲೆ ಹೇಳಿದಳೋ ಅವಳು ಒಪ್ಪಿದರೆ ಬಾಯಲ್ಲಿ ತೊರೆಯ ನೀರು ತುಂಬಿಕೊಂಡು ಹೇಳಿದವಳ ಎದೆಯ ಮೇಲೆ ಉಗುಳುತ್ತಾಳೆ. ಅಲ್ಲಿಗೆ ಮಾತು ತೀರಿತು. ಒಬ್ಬಳು ಮಾತು ನುಂಗಿದರೂ ಒಡ್ಡು ನಿಲ್ಲುವುದಿಲ್ಲ ಎಂಬುದು ಇಲ್ಲಿಯವರ ನಂಬಿಕೆ. ಹಾಗೆ ನೋಡಿದರೆ ಒಡ್ಡಿನ ಮೇಲೆ ನಿಂತವರಲ್ಲಿ ಈ ಊರಿನಲ್ಲಿ ಹುಟ್ಟಿದವಳು ಒಬ್ಬಳೂ ಇಲ್ಲ. ಎಲ್ಲರೂ ಬೇರೆ ಬೇರೆ ತವರಿನಿಂದ ಬಂದವರು. ವರ್ಷಕ್ಕೊಂದು ಸಲವಾದರೂ ಹೊಟ್ಟೆ ತೊಳೆದುಕೊಳ್ಳದಿದ್ದರೆ ಇಷ್ಟು ಜನ ಒಂದೇ ಬೀದಿಯಲ್ಲಿ ಬಾಳುವುದು ಹೇಗೆ?

ಓಯಾನ ಎಲ್ಲರ ಬಾಯಿ ಬಿಡಿಸಿದಳು. ತನ್ನ ಬಾಯಿಗೆ ಮಾತ್ರ ಬೀಗ ಹಾಕಿಕೊಂಡಳು. ಅದಕ್ಕೆ ಕಾರಣ ಅವಳ ಮೈದುನ ಎಡು.

ಮಿಚಾ ಸತ್ತಾಗ ಓಯಾನಳಿಗಿದ್ದದ್ದು ಇಬ್ಬರು ಹೆಣ್ಣುಮಕ್ಕಳು, ಇಬ್ಬರೂ ಗಂಡನ ಮನೆ ಸೇರಿದ್ದರು. ಊರಿನಲ್ಲಿ ಮಗನಿಲ್ಲದ ವಿಧವೆಯನ್ನು ಗಂಡನ ತಮ್ಮ ‘ನನ್ನ ಆಸರೆಯಲ್ಲಿರಲಿ’ ಎಂದರೆ ಇರಬಹುದು, ಇಲ್ಲದಿದ್ದರೆ ತವರಿಗೆ ಕಳಿಸುತ್ತಾರೆ. ಓಯಾನಳ ತವರಿನಲ್ಲಿ ಅಣ್ಣತಮ್ಮಂದಿರು ತೀರಿಹೋಗಿದ್ದರು. ಅವರ ಮಕ್ಕಳಿಗೆ ಅವಳ ಮುಖವೇ ಗೊತ್ತಿಲ್ಲ. ಅಬಾದಲ್ಲಿ ಗಂಡಸರು ಕೂತು ಮಾತಾಡಿದರು. ಎರಡನೇ ದಿನ ಎಡು ಹೊರಗೆ ಬಂದು, “ಅತ್ತಿಗೆ ಇಲ್ಲೇ ಇರ್ತಾರೆ,” ಎಂದ. ಓಯಾನ ಆ ಮಾತನ್ನು ಮರೆಯಲಿಲ್ಲ. ಪ್ರತಿ ಬೇಸಿಗೆ ಒಡ್ಡಿನಲ್ಲಿ ಸಿಕ್ಕ ಎಲ್ಲಕ್ಕಿಂತ ದೊಡ್ಡ ಮೀಸೆ ಮೀನನ್ನು ಎಲೆಯ ಮೇಲಿಟ್ಟು ಅಬಾಕ್ಕೆ ಒಯ್ದು ಎಡುವಿನ ಮುಂದೆ ಇಡುತ್ತಿದ್ದಳು.

ಎಡು ಕೆಟ್ಟವನಲ್ಲ. ನಗಿಸಿ ಮಾತಾಡುವ ಮನುಷ್ಯ. ಆದರೆ ಕೋಕೋಗೆ ಒಳ್ಳೆ ಬೆಲೆ ಬಂದದ್ದೇ ಬಂದದ್ದು, ತೊರೆಯ ಮೇಲಿನ ಇಳಿಜಾರಿನಲ್ಲಿ ಕಾಡು ಕಡಿಯತೊಡಗಿದ. ಮೊದಲ ಮಳೆಗೇ ಕಡಿದ ನೆಲದಿಂದ ಮರಳು ಇಳಿದು ಕೆಳಗೆ ತೊರೆ ತಿರುಗುವ ಬಳಸನ್ನು ತುಂಬಿತು. ಎಲೆಯ ಮೆತ್ತೆ ಮುಚ್ಚಿಹೋಯಿತು, ಏಡಿಯ ಬಿಲಗಳು ಮುಚ್ಚಿಹೋದವು. ನೆರಳು ಹೋದ ಜಾಗದಲ್ಲಿ ನೀರು ಬೆಚ್ಚಗಾಗಿ ಪಾಚಿ ಕಟ್ಟಿತು. ಮಿಂಚುಳ್ಳಿ ಅಲ್ಲಿ ಕೂರುವುದನ್ನು ಬಿಟ್ಟಿತು. ಈ ವರ್ಷ ಎಡು ಇನ್ನೂ ಮೇಲಕ್ಕೆ, ತೊರೆಯ ಹುಟ್ಟಿನ ಕಡೆಗೆ ಹತ್ತಿದ. ಒಂದು ದಿನ ಓಯಾನ ಮಡುವಿನ ಬಳಿ ಹೋದಾಗ ಅದುಮ್ ಮರದ ಕಾಂಡದ ಮೇಲೆ ಹೊಸದಾಗಿ ಮಚ್ಚಿನಿಂದ ಕೆತ್ತಿದ ಗುರುತು ಕಂಡಳು. ಗರಗಸದವರು ಬರುವವರಿದ್ದರು. ಮರ ಹಲಗೆಗೆ, ನೆಲ ಕೋಕೋಗೆ.

ಆ ಮರ ಹೋದರೆ ಒಸರು ಹೋಗುತ್ತದೆ, ಒಸರು ಹೋದರೆ ಮಡು, ಮಡು ಹೋದರೆ ತೊರೆ ಎಂಬ ಹೆಸರಷ್ಟೇ ಉಳಿಯುತ್ತದೆ. ಆದರೆ ಹೇಳುವುದು ಹೇಗೆ? ಅವಳ ಮುಖ ಬಾಡಿದ್ದನ್ನು ಎಡು ನೋಡಿದ್ದ. ಆ ಸಂಜೆ ಅಬಾದಲ್ಲಿ, ದಾರಿಯಲ್ಲಿ ಹೋಗುತ್ತಿದ್ದ ಅವಳಿಗೆ ಕೇಳುವ ಹಾಗೆ, ನಗುತ್ತಲೇ ಅಂದ: “ನಮ್ಮತ್ತಿಗೆಗೆ ನೀರಂದ್ರೆ ಅಷ್ಟು ಪ್ರೀತಿ ಇದ್ರೆ, ತವರಲ್ಲಿ ಬೇಕಾದಷ್ಟಿದೆಯಪ್ಪ. ದೊಡ್ಡ ನದಿ!”

ಗಂಡಸರು ನಕ್ಕರು. ಓಯಾನಳೂ ನಕ್ಕಂತೆ ಮಾಡಿ ಮನೆಗೆ ಬಂದಳು. ಅಂದು ಅವಳು ಊಟ ಮಾಡಲಿಲ್ಲ.

ಒಡ್ಡಿನ ದಿನ ಬಂತು. ಜಂಬಿಟ್ಟಿಗೆ ಕಲ್ಲಿನ ಕೆಳಗಿನ ಬಳಸಿನಲ್ಲಿ ಗೂಟ ಹೊಡೆದದ್ದಾಯಿತು, ಎಲೆ ಒತ್ತರಿಸಿದ್ದಾಯಿತು. ಓಯಾನ ಒಡ್ಡಿನ ತಲೆಗೆ ನಿಂತು, “ಬಾಯಿ ಬಿಡ್ರೇ, ನೀರು ಕಾಯಲ್ಲ,” ಎಂದಳು.

ಆ ವರ್ಷವಷ್ಟೇ ಮದುವೆಯಾಗಿ ಬಂದಿದ್ದ ಎಯಾಂಗ್ ಮುಂದೆ ಬಂದಳು. “ದೊಡ್ಡತ್ತೆ, ನನ್ನ ಹೊಟ್ಟೇಲಿ ಒಂದಿದೆ. ಬಿಂದಾಂಗಕ್ಕ ನನ್ನ ಒರಳು ತಗೊಂಡ್ಹೋಗಿ, ಬಿರುಕು ಬಿಡಿಸಿ ತಂದಿಟ್ರು. ಕೇಳಿದ್ರೆ ಮೊದ್ಲಿಂದ ಹಂಗೇ ಇತ್ತು ಅಂದ್ರು.”

“ಇತ್ತು ಕಣೇ!” ಎಂದಳು ದಪ್ಪ ಮೈಯ ಬಿಂದಾಂಗ್. ಎಲ್ಲರೂ ಅವಳನ್ನೇ ನೋಡಿದರು. “ಆಯ್ತು ಮಾರಾಯ್ತಿ, ಇರ್ಲಿಲ್ಲ. ಗಂಡನ ಮೇಲಿನ ಸಿಟ್ಟು ಒರಳಿನ ಮೇಲೆ ಹೋಯ್ತು. ಅವ್ನಿಗೆ ಬಿರುಕು ಬಿಡೋ ಬದ್ಲು ಒರಳಿಗೆ ಬಿಡ್ತು.” ನಗೆಯ ನಡುವೆ ಅವಳು ನೀರು ತುಂಬಿಕೊಂಡು ಎಯಾಂಗಳ ಎದೆಗೆ ಪುರ್ರನೆ ಉಗುಳಿದಳು.

ಹೀಗೆ ಒಬ್ಬೊಬ್ಬರದೂ ಆಯಿತು. ಎಡುವಿನ ಹೆಂಡತಿ, ಓಯಾನಳ ವಾರಗಿತ್ತಿ ಆಂದೆಮೆಯ ಸರದಿ ಬಂದಾಗ ಅವಳು ಮುಖ ಸಿಂಡರಿಸಿ, “ನನ್ನ ಹೊಟ್ಟೆ ಖಾಲಿ,” ಎಂದಳು. ಅವಳು ವರ್ಷಾ ವರ್ಷಾ ಹಾಗೇ ಹೇಳುತ್ತಿದ್ದಳು. ಮಿಚಾ ಸತ್ತ ಮೇಲೆ ಅವಳಿಗೆ ಓಯಾನಳ ಜೊತೆ ಮಾತೇ ಅಷ್ಟಕ್ಕಷ್ಟೆ. ವಾರಗಿತ್ತಿಯನ್ನು ಸಾಕುವ ಭಾರ ತಮ್ಮ ಮನೆಗೆ ಬಿತ್ತೆಂಬ ಅಸಮಾಧಾನವಿರಬೇಕೆಂದು ಓಯಾನ ತಾನೇ ಅರ್ಥ ಮಾಡಿಕೊಂಡು ಸುಮ್ಮನಿದ್ದಳು.

“ನಂದೂ ಖಾಲಿ,” ಎಂದು ಓಯಾನ ಕೊನೆಯ ಜೇಡಿ ಮೆತ್ತಿದಳು.

ನೀರು ಮೊಗೆಯಲು ಶುರುಮಾಡಿದರು. ಮೊಣಕಾಲಿಗೆ ಬಂದ ನೀರು ಪಾದಕ್ಕೆ ಇಳಿಯುವಷ್ಟರಲ್ಲಿ ಒಡ್ಡು ಬುಡದಿಂದಲೇ ಕುಸಿದು ಮತ್ತೆ ತುಂಬಿತು. ಶಾಪ ಹಾಕುತ್ತ ಮತ್ತೆ ಕಟ್ಟಿದರು. ಮತ್ತೆ ಕುಸಿಯಿತು.

“ಯಾರೋ ಮಾತು ನುಂಗಿದ್ದಾರೆ,” ಎಂದಳು ಬಿಂದಾಂಗ್ ಏದುಸಿರು ಬಿಡುತ್ತ.

ಎಯಾಂಗ್ ಕೈ ಮುಳುಗಿಸಿ ತಳದಿಂದ ಒಂದು ಮುಷ್ಟಿ ಎತ್ತಿದಳು. “ಬರೀ ಮರಳು ಕಣ್ರೀ. ಮರಳಿನ ಮೇಲೆ ಜೇಡಿ ಎಲ್ಲಿ ನಿಲ್ಲುತ್ತೆ? ಮೊದ್ಲು ಇಲ್ಲಿ ಕೆಸರಿತ್ತು ಅಂತಿದ್ರಿ, ಇಷ್ಟು ಮರಳು ಎಲ್ಲಿಂದ ಬಂತು?”

ಎಲ್ಲರ ಕಣ್ಣೂ ಮೇಲಿನ ಬೋಳು ಇಳಿಜಾರಿಗೆ ಹೋಗಿ, ಅಲ್ಲಿಂದ ಆಂದೆಮೆಗೆ, ಅವಳಿಂದ ಓಯಾನಳಿಗೆ ಬಂದು ನಿಂತವು. ನುಂಗಿದ ಮಾತೂ ಮರಳೂ ಬಂದದ್ದು ಒಂದೇ ಜಾಗದಿಂದ ಎಂದು ಓಯಾನಳಿಗೆ ಗೊತ್ತಿತ್ತು. ತವರಿನ ದಾರಿ ಕಣ್ಣ ಮುಂದೆ ಬಂತು, ಮುಖ ಗೊತ್ತಿಲ್ಲದವರ ಮನೆಯ ಹೊಸ್ತಿಲಲ್ಲಿ ಗಂಟು ಹಿಡಿದು ನಿಂತ ತನ್ನನ್ನೇ ಕಂಡಳು. ಭಯವಾಯಿತು. ಆದರೆ ಅದಕ್ಕಿಂತ ಹೆಚ್ಚಾಗಿ ನಾಚಿಕೆಯಾಯಿತು.

“ಆಂದೆಮೆ,” ಎಂದಳು. “ನನ್ನ ಹೊಟ್ಟೆ ಖಾಲಿ ಇಲ್ಲ. ನಿನ್ನ ಗಂಡ ಕಾಡು ಕಡಿದು ಈ ಬಳಸನ್ನ ಸಾಯಿಸಿದ, ನಾನು ಸುಮ್ಮನಿದ್ದೆ. ಈಗ ಅದುಮ್ ಮರಕ್ಕೆ ಗುರುತು ಹಾಕಿದ್ದಾನೆ. ನಾನು ಒಂದ್ಸಲ ಮಡು ಕುಡಿದೆ, ಅದು ತುಂಬಿಕೊಳ್ತು. ಇವನು ಕುಡಿದ್ರೆ ತುಂಬಲ್ಲ. ಅವನ ಉಪಕಾರದಲ್ಲಿ ಬದುಕ್ತಿದ್ದೀನಿ, ಅದಕ್ಕೇ ಬಾಯಿ ಮುಚ್ಕೊಂಡಿದ್ದೆ. ಇನ್ನಾಗಲ್ಲ. ಕಳಿಸಿದ್ರೆ ಹೋಗ್ತೀನಿ.”

ಆಂದೆಮೆ ಬಾಗಿ ನೀರು ಮೊಗೆದುಕೊಂಡಳು. ಆದರೆ ಬಾಯಿಗೆ ಹಾಕಿಕೊಳ್ಳಲಿಲ್ಲ, ಬೊಗಸೆಯಿಂದ ಸೋರಿಹೋಗಲು ಬಿಟ್ಟಳು.

“ಅವನ ಉಪಕಾರ,” ಎಂದಳು ನಿಧಾನವಾಗಿ. “ಅಕ್ಕ, ನನ್ನ ಹೊಟ್ಟೇನೂ ಖಾಲಿ ಇಲ್ಲ. ಒಂದು ವರ್ಷವೂ ಖಾಲಿ ಇರ್ಲಿಲ್ಲ. ಭಾವ ಹೋದಾಗ ಮೊದಲ್ನೇ ದಿನ ಅಬಾದಲ್ಲಿ ನಿನ್ನ ಮೈದುನ ಮಹಾರಾಯ ಏನಂದಿದ್ದ ಗೊತ್ತಾ? ‘ತವರಿಗೆ ಕಳಿಸಿ’ ಅಂದಿದ್ದ.”

ಓಯಾನ ನೀರಿನಲ್ಲಿ ಒಂದು ಹೆಜ್ಜೆ ಅವಳ ಹತ್ತಿರ ಬಂದಳು.

“ಅವತ್ತು ನಾನು ಒಲೆ ಹಚ್ಚಲಿಲ್ಲ. ಮಾರನೇ ದಿನವೂ ಹಚ್ಚಲಿಲ್ಲ. ‘ಅಕ್ಕ ಇರ್ತಾಳೆ ಅಂತ ಹೇಳಿ ಬಾ, ಒಲೆ ಹತ್ತುತ್ತೆ’ ಅಂದೆ. ಹಸಿವು ತಡೀಲಾರ್ದೆ ಹೋಗಿ ಹೇಳಿದ. ಆಮೇಲೆ ನೀನು ವರ್ಷಾ ವರ್ಷಾ ದೊಡ್ಡ ಮೀನು ಹೊತ್ಕೊಂಡು, ನನ್ನ ಅಡುಗೆಮನೆ ಮುಂದೇನೇ ದಾಟ್ಕೊಂಡು ಹೋಗಿ ಅವನ ಕಾಲ ಹತ್ರ ಇಡ್ತೀಯ. ಅವನು ಅದನ್ನ ನನ್ನ ಕೈಲೇ ಬೇಯಿಸ್ಕೊಂಡು ಗಂಡಸ್ರಿಗೆ ಹಂಚ್ತಾನೆ. ನಂಗೆ ಉಳಿಯೋದು ಮುಳ್ಳು. ಒಂದ್ಸಲ, ಒಂದೇ ಒಂದ್ಸಲ, ಮೀನಿನ ತಲೆ ತಿನ್ನು ಅಂತ ನಂಗೆ ಅಂದಿದ್ದೀಯಾ?”

ತೊರೆಯಲ್ಲಿ ನಿಂತವರೆಲ್ಲ ಬುಟ್ಟಿ ಕೆಳಗಿಟ್ಟರು.

“ಯಾಕೆ ಹೇಳಲಿಲ್ಲ?” ಎಂದಳು ಓಯಾನ.

“ಮಾಡಿದ್ದನ್ನ ಹೇಳ್ಕೊಂಡು ಮೀನು ತಗೊಳ್ಳೋಕೆ ನಾನೇನು ಎಡುನಾ?”

“ಮತ್ತೆ ಯಾಕೆ ಉಳಿಸ್ಕೊಂಡೆ?”

“ನೀನು ಹೋಗಿದ್ರೆ ನಾನು ಯಾರ ಜೊತೆ ಜಗಳ ಆಡ್ಲಿ?” ಎಂದಳು ಆಂದೆಮೆ. ಅಷ್ಟು ಹೇಳಿ ಮೂಗು ಒರೆಸಿಕೊಂಡಳು. “ನಾನು ಹೊಸದಾಗಿ ಬಂದಾಗ ಬಿಲಕ್ಕೆ ಕೈ ಹಾಕೋಕೆ ಹೆದರ್ತಿದ್ದೆ. ನೀನು ಮೊದ್ಲು ನಿನ್ನ ಕೈ ಹಾಕಿ ನೋಡಿ, ಆಮೇಲೆ ನನ್ನ ಕೈ ಹಿಡ್ಕೊಂಡು ಹಾಕಿಸಿದೆ. ಏಡಿ ಕಚ್ಚಿದ್ದು ನಿಂಗೆ. ನೀನು ಮರೆತಿದ್ದೀಯ. ನಾನು ಮರೆತಿಲ್ಲ.”

ಓಯಾನ ನೀರು ಬಾಯಿಗೆ ತುಂಬಿಕೊಂಡು ಆಂದೆಮೆಯ ಎದೆಗೆ ಉಗುಳಿದಳು. ಆಂದೆಮೆ ತಾನೂ ತುಂಬಿಕೊಂಡು ಓಯಾನಳಿಗೆ ಉಗುಳಿದಳು, ಸ್ವಲ್ಪ ಜೋರಾಗಿಯೇ. ಇಬ್ಬರೂ ಒದ್ದೆಮುದ್ದೆಯಾಗಿ ಅಳುತ್ತ ನಿಂತಾಗ ಬಿಂದಾಂಗ್, “ಸಾಕು ಬಿಡ್ರೇ, ಮೊಗೆದಷ್ಟನ್ನ ಇವರೇ ತುಂಬಿಸ್ತಾರೆ,” ಎಂದಳು.

ಮರಳಿನ ಮೇಲೆ ಮತ್ತೆ ಕಟ್ಟುವ ಹುಚ್ಚು ಸಾಹಸಕ್ಕೆ ಓಯಾನ ಬಿಡಲಿಲ್ಲ. ಎಲ್ಲರನ್ನೂ ಜಂಬಿಟ್ಟಿಗೆ ಕಲ್ಲಿನ ಮೇಲಕ್ಕೆ, ಇನ್ನೂ ನೆರಳಿದ್ದ, ತಳದಲ್ಲಿ ಜೇಡಿ ಇದ್ದ ಗುಂಡಿಗೆ ಕರೆದೊಯ್ದಳು. ಅಲ್ಲಿ ಒಡ್ಡು ನಿಂತಿತು. ಹೊಟ್ಟೆಯ ಮಾತು ಹೊರಬಿದ್ದದ್ದಕ್ಕೆ ಎಂದರು ಕೆಲವರು, ಜೇಡಿ ಇದ್ದದ್ದಕ್ಕೆ ಎಂದಳು ಎಯಾಂಗ್. ಬುಟ್ಟಿಗಳು ತುಂಬಲಿಲ್ಲ, ಬರಿದಾಗಿಯೂ ಇರಲಿಲ್ಲ. ದಡದ ಆಳದ ಬಿಲದಿಂದ ಆಂದೆಮೆ ತೋಳುದ್ದದ ಒಂದು ಮೀಸೆ ಮೀನು ಎಳೆದಳು.

ಸಂಜೆ ಓಯಾನ ಆ ಮೀನನ್ನು ಎಲೆಯ ಮೇಲಿಟ್ಟುಕೊಂಡು ಊರೊಳಗೆ ಬಂದಳು. ಅಬಾದಲ್ಲಿ ಎಡು ಅವಳನ್ನು ದೂರದಿಂದಲೇ ನೋಡಿ, ಕಾಲು ಮಡಿಸಿ, ಮುಂದಿನ ಜಾಗ ಖಾಲಿ ಮಾಡಿಕೊಟ್ಟ. ಓಯಾನ ಅಬಾದ ಮುಂದೆಯೇ ನಡೆದು, ನಿಲ್ಲದೆ ದಾಟಿ, ಆಂದೆಮೆಯ ಅಡುಗೆಮನೆಯೊಳಗೆ ಹೋದಳು.

“ಏ ಎಡು, ನಿನ್ನ ಮೀನಿಗೆ ದಾರಿ ತಪ್ಪಿತಲ್ಲೋ,” ಎಂದ ಪಕ್ಕದ ಮುದುಕ.

ಎಡು ನಕ್ಕ. ಆಂದೆಮೆ ಮೀನನ್ನು ಕಡಲೆಕಾಯಿ ಅರೆದ ಮಸಾಲೆಯಲ್ಲಿ ಹೊರಳಿಸಿ, ಎಲೆಯಲ್ಲಿ ಕಟ್ಟಿ ಬೇಯಲು ಇಟ್ಟಳು. ಅದರ ವಾಸನೆ ಅಬಾ ಮುಟ್ಟಿತು. ಗಂಡಸು ಅಡುಗೆಮನೆಯ ಬಾಗಿಲಿಗೆ ಬಂದು ಊಟ ಕೇಳಿದರೆ ಈ ಊರಿನಲ್ಲಿ ವರ್ಷವಿಡೀ ಆಡಿಕೊಳ್ಳುತ್ತಾರೆ. ಎಡು ತಡೆದ, ತಡೆದ, ಕೊನೆಗೆ ಎದ್ದು ಬಂದ.

“ಅತ್ತಿಗೆ, ಈ ಸಲ ನನ್ನ ಮರೆತ್ರಾ?”

“ಇಲ್ಲಪ್ಪ. ಇಷ್ಟು ವರ್ಷ ಯಾರನ್ನ ಮರೆತಿದ್ನೋ ಅವರನ್ನ ನೆನಪು ಮಾಡ್ಕೊಂಡೆ.”

ಎಡು ಹೆಂಡತಿಯ ಕಡೆ ನೋಡಿದ. ಆಂದೆಮೆ ಕಣ್ಣು ತಪ್ಪಿಸಲಿಲ್ಲ. ಅವನ ಮುಖದಲ್ಲಿದ್ದ ನಗು ಇಳಿಯಿತು.

ಓಯಾನ ಎದ್ದು ನಿಂತಳು. “ಒಡ್ಡಿನ ಮೇಲೆ ಹೇಳಿದ್ದೀನಿ, ನಿನ್ನ ಹೆಂಡ್ತಿ ನೀರು ಉಗುಳಿ ಒಪ್ಪಿದ್ದಾಳೆ. ಈಗ ನಿನಗೂ ಹೇಳ್ತೀನಿ. ಅದುಮ್ ಮರ ಕಡೀಬೇಡ. ನಂಗೆ ತವರಿನ ದಾರಿ ತೋರ್ಸೋದಿದ್ರೆ ತೋರ್ಸು, ಹೋಗ್ತೀನಿ. ಮರ ಮಾತ್ರ ಬಿಡು.”

ಎಡುವಿನ ಬೆನ್ನ ಹಿಂದೆ ಅಬಾದಲ್ಲಿ ಎಲ್ಲರೂ ಕಿವಿಯಾಗಿದ್ದರು. ಅವನು ಹೆಂಡತಿಯನ್ನು ಕೇಳಿದ: “ಒಲೆ?”

“ಇವತ್ತು ಉರೀತಿದೆ,” ಎಂದಳು ಆಂದೆಮೆ. “ನಾಳೇದು ಹೇಳೋಕಾಗಲ್ಲ.”

ಎಡು ತಲೆ ಕೆರೆದುಕೊಂಡ. ಅವನಿಗೆ ನಗು ಬಂತು, ತಡೆಯಲು ನೋಡಿ ಸೋತ. “ಮಡುವಿನ ಮೇಲಿರೋ ಹುತ್ತದವರೆಗೆ ಕೋಕೋ ಹಾಕ್ತೀನಿ ಅತ್ತಿಗೆ. ಅದರ ಕೆಳಗೆ, ಮರದ ಹತ್ರ, ಇಳಿಯಲ್ಲ. ಗರಗಸದವ್ರಿಗೆ ಬರ್ಬೇಡಿ ಅಂತ ಹೇಳ್ತೀನಿ.” ಒಲೆಯತ್ತ ನೋಡುತ್ತ, “ತವರಿನ ಮಾತು... ಅದನ್ನ ನಾನು ಆಡಬಾರ್ದಿತ್ತು,” ಎಂದ.

ಆಂದೆಮೆ ಬಾಲದ ತುಂಡೊಂದನ್ನು ಎಲೆಯ ಮೇಲೆ ಹಾಕಿ ಅವನ ಕೈಗಿಟ್ಟಳು. ಎಡು ಅಡುಗೆಮನೆಯ ಬಾಗಿಲಲ್ಲೇ ನಿಂತು, ಊರೆಲ್ಲ ನೋಡುತ್ತಿದ್ದಂತೆ, ಮುಳ್ಳು ಬಿಡಿಸಿ ಬಿಡಿಸಿ ತಿಂದ.

ಒಳಗೆ ಓಯಾನ ಮೀನಿನ ತಲೆಯನ್ನು ಎತ್ತಿ ಆಂದೆಮೆಯ ಎಲೆಗೆ ಹಾಕಿದಳು. ಆಂದೆಮೆ ಕೆನ್ನೆಯ ಮಾಂಸ ಕಿತ್ತು ಬಾಯಿಗಿಟ್ಟುಕೊಂಡು, ಕಣ್ಣು ಮುಚ್ಚಿ ಅಗಿದಳು.

“ಇಷ್ಟು ರುಚಿ ಇರುತ್ತೆ ಅಂತ ಗೊತ್ತಿದ್ರೆ, ಅಕ್ಕ, ಮೊದಲ್ನೇ ವರ್ಷವೇ ನಿನ್ನ ಜೊತೆ ಜಗಳ ತೆಗೀತಿದ್ದೆ,” ಎಂದಳು.